ಅನಕೊಂಡದ ಗಾತ್ರ ಮತ್ತು ಬದುಕು: ಪದೇ ಪದೇ ಕೇಳುವ ಪ್ರಶ್ನೆಗಳು

ಅನಕೊಂಡ ಅಂದ ಕೂಡಲೇ ಮಾತು ಅದರ ಉದ್ದದ ಕಡೆಗೇ ಹೊರಳುತ್ತದೆ. ಒಬ್ಬರು 30 ಅಡಿ ಅಂದರೆ ಇನ್ನೊಬ್ಬರು 60 ಅಡಿ ಅನ್ನುತ್ತಾರೆ. ಅಳೆದು ನೋಡಿದವರ ಲೆಕ್ಕ ಇದಕ್ಕಿಂತ ಎಷ್ಟೋ ಕಡಿಮೆ. ಜನ ಜಾಸ್ತಿ ಕೇಳುವುದು ಗಾತ್ರದ ಬಗ್ಗೆಯೇ ಆದ್ದರಿಂದ ಅದನ್ನೇ ಮೊದಲು ಮುಗಿಸೋಣ. ಅದು ಹೇಗೆ ಬದುಕುತ್ತದೆ, ಏನು ತಿನ್ನುತ್ತದೆ, ಹೇಗೆ ಮರಿ ಹಾಕುತ್ತದೆ ಎಂಬುದೆಲ್ಲ ಆಮೇಲೆ.

ಅನಕೊಂಡ ನಿಜಕ್ಕೂ ಎಷ್ಟು ಉದ್ದ ಬೆಳೆಯುತ್ತದೆ?

ಸಾಮಾನ್ಯವಾಗಿ ಜನ ಅನಕೊಂಡ ಅನ್ನುವುದು ಹಸಿರು ಅನಕೊಂಡವನ್ನು. ಬೆಳೆದ ಹೆಣ್ಣು ಹೆಚ್ಚಾಗಿ 3.5ರಿಂದ 4.5 ಮೀಟರ್ ಇರುತ್ತದೆ. ಅಂದರೆ ಸುಮಾರು 11ರಿಂದ 15 ಅಡಿ. 5 ಮೀಟರ್ ದಾಟಿದ್ದು ಸಿಕ್ಕರೆ ಅದು ದೊಡ್ಡ ಹಾವೇ ಸರಿ. ಗಂಡು 3 ಮೀಟರಿನ ಆಸುಪಾಸಿನಲ್ಲೇ ನಿಂತುಬಿಡುತ್ತದೆ.

ಕಾಡಿನ ಅನಕೊಂಡಗಳನ್ನು ಜಾಸ್ತಿ ಹಿಡಿದು ಅಳೆದವರಲ್ಲಿ ಮುಖ್ಯರು ವೆನೆಜುವೆಲಾದ ಜೀವವಿಜ್ಞಾನಿ ಹೆಸುಸ್ ರಿವಾಸ್. 1992ರಿಂದ ಅವರು ಲಾನೋಸ್ ಎಂಬ ಬಯಲಿನಲ್ಲಿ ಕೆಲಸ ಮಾಡಿದರು. ಮಳೆಗಾಲದಲ್ಲಿ ಈ ಬಯಲು ಮೈಲಿಗಟ್ಟಲೆ ನೀರಿನಲ್ಲಿ ಮುಳುಗಿರುತ್ತದೆ. ಅವರು ಮತ್ತು ಸಂಗಡಿಗರು ಬರಿಗಾಲಲ್ಲಿ ಕೆಸರಿಗೆ ಇಳಿದು, ಕಾಲಿನಿಂದಲೇ ತಡಕಿ ಹಾವು ಹುಡುಕುತ್ತಿದ್ದರು. ಹೀಗೆ ನೂರಾರು ಹಾವು ಹಿಡಿದು, ಅಳೆದು, ತೂಗಿ ಮತ್ತೆ ಬಿಟ್ಟರು. ಅಷ್ಟರಲ್ಲಿ ಸಿಕ್ಕ ಅತಿ ದೊಡ್ಡ ಹೆಣ್ಣಿನ ಉದ್ದ 5.2 ಮೀಟರ್, ಅಂದರೆ 17 ಅಡಿ. ತೂಕ 97.5 ಕಿಲೊ.

ಇದಕ್ಕಿಂತ ಒಂದಿಷ್ಟು ದೊಡ್ಡ ಹಾವು ಅಮೆಜಾನಿನ ಯಾವುದೋ ಮೂಲೆಯಲ್ಲಿ ಇರಬಹುದು, ಅದರಲ್ಲಿ ವಿಚಿತ್ರವೇನಿಲ್ಲ. ಆದರೆ ನೂರಾರು ಹಾವು ಅಳೆದಾಗ 17 ಅಡಿ ಮೇಲ್ಮಿತಿ ಅಂತ ಕಂಡರೆ, 40 ಅಡಿಯ ಹಾವು ಇದೆ ಅನ್ನುವವರು ಬಲವಾದ ಸಾಕ್ಷಿಯನ್ನೇ ತರಬೇಕಾಗುತ್ತದೆ.

30 ಅಡಿಯ ಹಾವು ತಂದರೆ ಬಹುಮಾನ ಇತ್ತಂತೆ, ಹೌದಾ?

ಹೌದು, ಇತ್ತು. ಇಪ್ಪತ್ತನೇ ಶತಮಾನದ ಆರಂಭದಲ್ಲಿ ಅಮೆರಿಕದ ಅಧ್ಯಕ್ಷರಾಗಿದ್ದ ಥಿಯೊಡೋರ್ ರೂಸ್‌ವೆಲ್ಟ್ 1,000 ಡಾಲರ್ ಘೋಷಿಸಿದ್ದರು. ನ್ಯೂಯಾರ್ಕಿನ ಪ್ರಾಣಿಶಾಸ್ತ್ರ ಸಂಸ್ಥೆ ಇದನ್ನು ಮುಂದುವರಿಸಿ ಕೊನೆಗೆ 50,000 ಡಾಲರಿಗೆ ಏರಿಸಿತು. 30 ಅಡಿ ಅಥವಾ ಅದಕ್ಕೂ ಉದ್ದದ ಹಾವನ್ನು ಜೀವಂತವಾಗಿ, ಆರೋಗ್ಯವಾಗಿ ತಂದುಕೊಡಬೇಕು ಎಂಬುದು ಷರತ್ತು. ಯಾವ ಜಾತಿಯ ಹಾವಾದರೂ ಸರಿ. ದಶಕಗಳು ಕಳೆದರೂ ಒಬ್ಬರೂ ಆ ದುಡ್ಡು ಪಡೆಯಲಿಲ್ಲ. 2002ರಲ್ಲಿ ಬಹುಮಾನವನ್ನೇ ನಿಲ್ಲಿಸಿದರು. ಅಷ್ಟು ಹಣದ ಆಸೆಗೂ ಹೊರಬರದ ಹಾವು ನಿಜವಾಗಿ ಇತ್ತೇ ಅಂತ ಅನುಮಾನ ಬರುವುದು ಸಹಜ, ಅಲ್ವಾ?

ಹಾಗಾದರೆ 62 ಅಡಿಯ ಕಥೆ ಎಲ್ಲಿಂದ ಬಂತು?

ಬ್ರಿಟಿಷ್ ಅನ್ವೇಷಕ ಪರ್ಸಿ ಫಾಸೆಟ್ ಅವರಿಂದ. 1907ರಲ್ಲಿ ಬೊಲಿವಿಯಾ-ಬ್ರೆಜಿಲ್ ಗಡಿಯ ಅಬುನಾ ನದಿಯಲ್ಲಿ ದೋಣಿಯಿಂದ ಗುಂಡು ಹೊಡೆದು 62 ಅಡಿಯ ಅನಕೊಂಡ ಕೊಂದೆ ಎಂದು ಅವರು ಬರೆದುಕೊಂಡಿದ್ದಾರೆ. ಚರ್ಮ ತರಲಿಲ್ಲ, ಮೂಳೆ ತರಲಿಲ್ಲ. ಮಾತೊಂದೇ ಆಧಾರ.

ಇದಕ್ಕಿಂತ ಸ್ವಾರಸ್ಯದ ಪ್ರಕರಣ ಕೊಲಂಬಿಯಾದ್ದು. ಎಣ್ಣೆ ಹುಡುಕಲು ಹೋದ ಭೂವಿಜ್ಞಾನಿ ರಾಬರ್ಟೊ ಲಾಮೊನ್ ತಂಡದವರು ಒಂದು ಅನಕೊಂಡಕ್ಕೆ ಗುಂಡು ಹೊಡೆದು, ಟೇಪು ಹಿಡಿದು ಅಳೆದರಂತೆ. 37 ಅಡಿ ಮೀರಿ ಬಂತಂತೆ. ಚರ್ಮ ಸುಲಿಯೋಣ ಎಂದು ಸ್ವಲ್ಪ ಹೊತ್ತಿನ ನಂತರ ವಾಪಸ್ ಬಂದು ನೋಡಿದರೆ ಹಾವೇ ಇಲ್ಲ! ಸತ್ತಿದೆ ಅಂದುಕೊಂಡಿದ್ದು ಎದ್ದು ಹೋಗಿತ್ತು. 1944ರಲ್ಲಿ ಇದು ಮುದ್ರಣಕ್ಕೂ ಬಂತು. ಬಹಳ ವರ್ಷ ಪುಸ್ತಕಗಳಲ್ಲಿ ದಾಖಲೆ ಎಂದೇ ಉಳಿಯಿತು. ಹಾವೂ ಇಲ್ಲದ, ಚರ್ಮವೂ ಇಲ್ಲದ ದಾಖಲೆಯನ್ನು ಒಪ್ಪುವುದು ನನಗಂತೂ ಕಷ್ಟ.

ಚರ್ಮ ಇದ್ದರೆ ಸಾಕಲ್ಲವೇ? ಅದನ್ನೇ ಅಳೆದರಾಯಿತು.

ಆಗುವುದಿಲ್ಲ. ಸುಲಿದ ಹಾವಿನ ಚರ್ಮ ಚೆನ್ನಾಗಿ ಹಿಗ್ಗುತ್ತದೆ. ಬೇಕೆಂದೇ ಎಳೆಯಬೇಕಾಗಿಲ್ಲ, ಹದ ಮಾಡಲು ಹಲಗೆಗೆ ಮೊಳೆ ಹೊಡೆದು ಚಾಚಿದರೂ ಕಾಲು ಭಾಗದಷ್ಟು ಉದ್ದ ಹೆಚ್ಚಾಗಬಹುದು. 16 ಅಡಿಯ ಹಾವು ಗೋಡೆ ಮೇಲೆ 20 ಅಡಿಯಾಗಿ ನೇತಾಡುತ್ತದೆ.

ಜೀವಂತ ಹಾವನ್ನು ಅಳೆಯುವುದೂ ಸುಲಭವಲ್ಲ. ಅದು ಮೈಯೆಲ್ಲ ಸ್ನಾಯು. ನೆಟ್ಟಗೆ ಮಲಗು ಅಂದರೆ ಕೇಳುತ್ತದೆಯೇ? ಬಲವಂತವಾಗಿ ಎಳೆದರೆ ಬೆನ್ನುಮೂಳೆಗೆ ಪೆಟ್ಟು. ಅದಕ್ಕೇ ರಿವಾಸ್ ತಂಡದವರು ಸುರುಳಿಯಾಗಿದ್ದಂತೆಯೇ ಬೆನ್ನಿನ ಮಧ್ಯದ ಮೇಲೆ ತಲೆಯಿಂದ ಬಾಲದವರೆಗೆ ದಾರ ಹಾಯಿಸಿ, ಆಮೇಲೆ ಆ ದಾರವನ್ನು ಅಳೆಯುತ್ತಿದ್ದರು.

ಕಣ್ಣಳತೆಯ ಮಾತಂತೂ ಬೇಡವೇ ಬೇಡ. ನೀರಿನಲ್ಲಿ ಅರ್ಧ ಮುಳುಗಿದ, ದಪ್ಪ ಮೈಯ ಹಾವನ್ನು ಹೆದರಿದ ಕಣ್ಣು ನೋಡಿದರೆ ಉದ್ದ ತಾನಾಗಿಯೇ ಬೆಳೆಯುತ್ತದೆ.

ಮೊಬೈಲಿನಲ್ಲಿ ಬರುವ ದೈತ್ಯ ಅನಕೊಂಡದ ವಿಡಿಯೊಗಳನ್ನು ನಂಬಬಹುದೇ?

ಮೊದಲು ಹಾವಿನ ತಲೆ ನೋಡಿ. ಚಿಕ್ಕ ಹಾವಿನಲ್ಲಿ ಮೈಗೆ ಹೋಲಿಸಿದರೆ ತಲೆ, ಕಣ್ಣು ದೊಡ್ಡದಾಗಿ ಕಾಣುತ್ತವೆ. ನಿಜಕ್ಕೂ ದೊಡ್ಡ ಅನಕೊಂಡದಲ್ಲಿ ಮೈ ಮುಂದೆ ತಲೆ ಪುಟ್ಟದಾಗಿ ಕಾಣುತ್ತದೆ. ಆಮೇಲೆ, ಹಾವು ಕ್ಯಾಮೆರಾಗೆ ಹತ್ತಿರ ಇದ್ದು ಮನುಷ್ಯ ಹಿಂದೆ ನಿಂತಿದ್ದಾನೆಯೇ ನೋಡಿ. ಮೇಲಿನಿಂದ ಡ್ರೋನ್ ತೆಗೆದ ಚಿತ್ರವಾದರೆ ಪಕ್ಕದಲ್ಲಿ ಅಳತೆಗೆ ಸಿಗುವ ವಸ್ತು ಏನಿದೆ ಹುಡುಕಿ. ಏನೂ ಇಲ್ಲದಿದ್ದರೆ ಕೆಳಗೆ ಬರೆದ ಅಡಿಗಳ ಲೆಕ್ಕಕ್ಕೆ ಬೆಲೆಯಿಲ್ಲ.

ಜಗತ್ತಿನ ಅತಿ ದೊಡ್ಡ ಹಾವು ಅನಕೊಂಡವೇ?

ದೊಡ್ಡದು ಅಂದರೆ ಏನು ಎಂಬುದರ ಮೇಲೆ ಹೋಗುತ್ತದೆ. ಉದ್ದದಲ್ಲಿ ಮೊದಲ ಸ್ಥಾನ ಆಗ್ನೇಯ ಏಷ್ಯಾದ ಜಾಲರಿ ಹೆಬ್ಬಾವಿಗೆ. ಅಮೆರಿಕದಲ್ಲಿ ಸಾಕಿದ್ದ ಮೆಡೂಸಾ ಎಂಬ ಹೆಣ್ಣು ಹೆಬ್ಬಾವನ್ನು 2011ರಲ್ಲಿ ಗಿನ್ನೆಸ್‌ನವರು ಅಳೆದಾಗ 7.67 ಮೀಟರ್ ಬಂತು. 25 ಅಡಿಗೂ ಜಾಸ್ತಿ.

ತೂಕದ ಮಾತು ಬಂದರೆ ಅನಕೊಂಡವೇ ಮುಂದೆ. ಹೆಬ್ಬಾವು ಉದ್ದನೆಯ ಹಗ್ಗವಾದರೆ ಅನಕೊಂಡ ತುಂಬಿದ ಗೋಣಿಚೀಲ. ಒಂದೇ ಉದ್ದದ ಎರಡನ್ನು ಪಕ್ಕಪಕ್ಕ ಇಟ್ಟರೆ ಅನಕೊಂಡದ ಮೈ ಎಷ್ಟೋ ದಪ್ಪ. 250 ಕಿಲೊ ತೂಗುತ್ತದೆ ಎಂದು ಎಲ್ಲ ಕಡೆ ಬರೆದಿರುತ್ತಾರೆ. ಆ ಅಂಕಿಯ ಹಿಂದೆ ತಕ್ಕಡಿಗೆ ಹತ್ತಿದ ಹಾವು ಯಾವುದೂ ಇಲ್ಲ.

ಅನಕೊಂಡದಲ್ಲಿ ಎಷ್ಟು ಜಾತಿ?

ಇದಕ್ಕೆ ಉತ್ತರ ಈಗ ಸ್ವಲ್ಪ ಗೋಜಲಾಗಿದೆ. ಯುನೆಕ್ಟಿಸ್ ಎಂಬ ಕುಲದಲ್ಲಿ ನಾಲ್ಕು ಜಾತಿ ಎಂದು ಬಹಳ ಕಾಲ ಹೇಳುತ್ತಿದ್ದರು: ಹಸಿರು, ಹಳದಿ, ಕಪ್ಪು ಚುಕ್ಕೆಯದು ಮತ್ತು ಬೊಲಿವಿಯಾದ್ದು. ಕೊನೆಯದನ್ನು ಪ್ರತ್ಯೇಕ ಜಾತಿ ಎಂದು ಹೆಸರಿಸಿದ್ದೇ 2002ರಲ್ಲಿ.

2024ರಲ್ಲಿ ರಿವಾಸ್, ಆಸ್ಟ್ರೇಲಿಯಾದ ಜೀವವಿಜ್ಞಾನಿ ಬ್ರಯಾನ್ ಫ್ರೈ ಮತ್ತಿತರರು ಹಸಿರು ಅನಕೊಂಡದ ಡಿಎನ್‌ಎ ಪರೀಕ್ಷಿಸಿ, ಉತ್ತರದ ಹಾವುಗಳು ಬೇರೆ, ದಕ್ಷಿಣದ್ದು ಬೇರೆ ಎಂದರು. ಎರಡರ ನಡುವೆ 5.5 ಶೇಕಡಾ ವ್ಯತ್ಯಾಸ ಇದೆ ಎಂಬುದು ಅವರ ವಾದ. ಉತ್ತರದ್ದಕ್ಕೆ ಯುನೆಕ್ಟಿಸ್ ಅಕಾಯಿಮಾ ಎಂದು ಹೆಸರಿಟ್ಟರು. ಅದೇ ಪ್ರಬಂಧದಲ್ಲಿ ಹಳದಿ, ಕಪ್ಪು ಚುಕ್ಕೆ ಮತ್ತು ಬೊಲಿವಿಯಾ ಈ ಮೂರೂ ಒಂದೇ ಎಂದೂ ಸೂಚಿಸಿದರು. ಬೇರೆ ತಜ್ಞರು ಸುಮ್ಮನಿರಲಿಲ್ಲ. ತಾಯಿಯಿಂದ ಬರುವ ಮೈಟೊಕಾಂಡ್ರಿಯಾ ಡಿಎನ್‌ಎ ಒಂದರ ಮೇಲೇ ಜಾತಿ ಒಡೆಯುವುದು ಸರಿಯಲ್ಲ, ಹೆಸರಿಡುವ ನಿಯಮವೂ ಪಾಲನೆಯಾಗಿಲ್ಲ ಎಂದು ತಕರಾರು ಎತ್ತಿದರು. ನೋಡಿದರೆ ಉತ್ತರದ್ದು, ದಕ್ಷಿಣದ್ದು ಎರಡೂ ಹಸಿರು ಹಾವು ಒಂದೇ ತರಹ, ಆಲಿವ್ ಹಸಿರು ಮೈ, ಕಪ್ಪು ದುಂಡು ಮಚ್ಚೆ, ಕಣ್ಣಿನ ಹಿಂದೆ ಹಳದಿ-ಕಿತ್ತಳೆ ಪಟ್ಟೆ.

ಎಲ್ಲಿ ವಾಸಿಸುತ್ತದೆ?

ದಕ್ಷಿಣ ಅಮೆರಿಕದಲ್ಲಿ, ಆಂಡಿಸ್ ಪರ್ವತಗಳ ಪೂರ್ವಕ್ಕೆ. ಅಮೆಜಾನ್ ಮತ್ತು ಒರಿನೊಕೊ ನದಿಗಳ ಬಯಲು, ಗಯಾನಾ ಕಡೆ, ಟ್ರಿನಿಡಾಡ್ ದ್ವೀಪದಲ್ಲಿ ಹಸಿರು ಅನಕೊಂಡ ಇದೆ. ಹಳದಿಯದು ಇನ್ನೂ ದಕ್ಷಿಣಕ್ಕೆ, ಪಾಂಟನಾಲ್ ಜೌಗು, ಪರಾಗ್ವೆ, ಅರ್ಜೆಂಟೀನಾದ ಉತ್ತರ ಭಾಗದಲ್ಲಿ. ಜೋರಾಗಿ ಹರಿಯುವ ದೊಡ್ಡ ನದಿಗಿಂತ ನಿಂತ ನೀರು, ಕೆಸರು, ಜೊಂಡು ಬೆಳೆದ ಕೊಳ ಇವೇ ಅದಕ್ಕೆ ಇಷ್ಟ.

ಯಾವಾಗಲೂ ನೀರಿನಲ್ಲೇ ಏಕೆ ಇರುತ್ತದೆ?

ಭಾರದ ಮೈಯನ್ನು ನೀರು ಎತ್ತಿ ಹಿಡಿಯುತ್ತದೆ. ನೆಲದ ಮೇಲೆ ಮೈ ಎಳೆದುಕೊಂಡು ನಿಧಾನವಾಗಿ ಸಾಗುವ ಹಾವು ನೀರಿಗಿಳಿದರೆ ಚುರುಕಾಗುತ್ತದೆ. ಕಣ್ಣು, ಮೂಗಿನ ಹೊಳ್ಳೆ ತಲೆಯ ಮೇಲ್ಭಾಗದಲ್ಲಿವೆ. ಹಾಗಾಗಿ ಇಡೀ ಮೈ ಮುಳುಗಿಸಿಕೊಂಡು, ತಲೆಯ ತುದಿಯಷ್ಟೇ ಮೇಲಿಟ್ಟು ಗಂಟೆಗಟ್ಟಲೆ ಕಾಯುತ್ತದೆ. ಪೂರ್ತಿ ಮುಳುಗಿದರೂ ಸುಮಾರು 10 ನಿಮಿಷ ಉಸಿರು ಹಿಡಿಯಬಲ್ಲದು.

ಬೇಸಿಗೆಯಲ್ಲಿ ಲಾನೋಸ್ ಒಣಗುತ್ತದೆ. ಆಗ ಉಳಿದ ಸಣ್ಣ ಹೊಂಡಗಳಿಗೆ ಹಾವುಗಳು ಬಂದು ಸೇರುತ್ತವೆ, ಇಲ್ಲವೇ ಕೆಸರಿನಲ್ಲಿ ಹೂತುಕೊಂಡು ಮಳೆ ಬರುವವರೆಗೆ ಬಿದ್ದಿರುತ್ತವೆ.

ಗಂಡು ಅಷ್ಟು ಚಿಕ್ಕದೇಕೆ?

ನನ್ನ ಪ್ರಕಾರ ಅನಕೊಂಡದ ಗಾತ್ರದ ಬಗ್ಗೆ ಕೇಳಬೇಕಾದ ಪ್ರಶ್ನೆ ಇದು. ಸರಾಸರಿ ಹೆಣ್ಣು ಸರಾಸರಿ ಗಂಡಿಗಿಂತ ಸುಮಾರು ಐದು ಪಟ್ಟು ತೂಗುತ್ತದೆ. ಬೆನ್ನುಮೂಳೆ ಇರುವ ನೆಲದ ಪ್ರಾಣಿಗಳಲ್ಲಿ ಇಷ್ಟು ಅಂತರ ಇರುವುದು ಬಹಳ ಅಪರೂಪ.

ಹೆಣ್ಣು ದೊಡ್ಡದಾದಷ್ಟೂ ಹೊಟ್ಟೆಯಲ್ಲಿ ಮರಿಗಳಿಗೆ ಜಾಗ ಜಾಸ್ತಿ, ಆದ್ದರಿಂದ ಅದು ಬೆಳೆಯುವುದಕ್ಕೆ ಕಾರಣ ಸರಳ. ಗಂಡಿನದು ಬೇರೆ ಕಥೆ. ಮಿಲನದ ಸಮಯದಲ್ಲಿ ಗಂಡುಗಳು ಒಂದನ್ನೊಂದು ಕಚ್ಚಿ ಕಾದಾಡುವುದಿಲ್ಲ. ಹೆಣ್ಣಿನ ಮೈಗೆ ಸುತ್ತಿಕೊಂಡು, ಬಾಲದ ಹತ್ತಿರದ ಜಾಗಕ್ಕಾಗಿ ತಳ್ಳಾಡುತ್ತವೆ. ಅದಕ್ಕೆ ತಕ್ಕಷ್ಟು ಬಲ ಇದ್ದರೆ ಸಾಕು. ಇನ್ನೊಂದು ತೊಡಕೂ ಇದೆ ಎಂದು ರಿವಾಸ್ ಹೇಳುತ್ತಾರೆ. ಗಂಡು ತೀರಾ ದೊಡ್ಡದಾದರೆ ಉಳಿದ ಗಂಡುಗಳು ಅದನ್ನೇ ಹೆಣ್ಣು ಎಂದು ತಿಳಿದು ಸುತ್ತಿಕೊಳ್ಳಬಹುದು!

ಕೈಯಲ್ಲಿ ಹಿಡಿದು ನೋಡಿದರೆ ಗಂಡೋ ಹೆಣ್ಣೋ ಎಂಬ ಗುರುತು ಸಿಗುತ್ತದೆ. ಮಲದ್ವಾರದ ಎರಡೂ ಬದಿಗೆ ಉಗುರಿನಂಥ ಸಣ್ಣ ಮುಳ್ಳು ಇರುತ್ತದೆ. ಅದು ಹಾವಿನ ಪೂರ್ವಜರಿಗಿದ್ದ ಹಿಂಗಾಲಿನ ಉಳಿಕೆ. ಗಂಡಿನಲ್ಲಿ ಇದು ಎದ್ದು ಕಾಣುತ್ತದೆ. ಹೆಣ್ಣಿನ ಮೈ ಸವರಲು ಬಳಸುತ್ತದೆ.

ಹತ್ತಾರು ಹಾವು ಒಟ್ಟಿಗೆ ಉಂಡೆಯಾಗಿರುವ ಚಿತ್ರ ನೋಡಿದ್ದೇನೆ. ಏನದು?

ಅದೇ ಮಿಲನದ ಉಂಡೆ. ಬೇಸಿಗೆಯಲ್ಲಿ ಹೆಣ್ಣು ಒಂದು ಕಡೆ ನಿಲ್ಲುತ್ತದೆ. ಅದರ ವಾಸನೆ ಹಿಡಿದು, ನಾಲಗೆಯಿಂದ ಗಾಳಿ ಸವಿಯುತ್ತ ಗಂಡುಗಳು ಬರುತ್ತವೆ. ಒಂದು ಹೆಣ್ಣಿನ ಸುತ್ತ 12, 13 ಗಂಡುಗಳು ಸುತ್ತಿಕೊಂಡದ್ದೂ ಇದೆ. ಕೆಸರಿನ ಅಂಚಿನಲ್ಲಿ ಈ ಉಂಡೆ ಎರಡರಿಂದ ನಾಲ್ಕು ವಾರ ಹಾಗೇ ಇರಬಹುದು. ಹೆಣ್ಣು ಒಂದಕ್ಕಿಂತ ಹೆಚ್ಚು ಗಂಡಿನ ಜೊತೆ ಕೂಡುತ್ತದೆ.

ಎಲ್ಲ ಮುಗಿದ ಮೇಲೆ ಹೆಣ್ಣು ಕೆಲವೊಮ್ಮೆ ಒಂದು ಗಂಡನ್ನು ನುಂಗಿಬಿಡುತ್ತದೆ. ಮುಂದೆ ತಿಂಗಳುಗಟ್ಟಲೆ ಉಪವಾಸ ಇರುವ ಹಾವಿಗೆ ಎದುರಿಗೇ ಇರುವ ಊಟ ಅದು.

ಮೊಟ್ಟೆ ಇಡುತ್ತದೆಯೇ, ಮರಿ ಹಾಕುತ್ತದೆಯೇ?

ಮರಿ ಹಾಕುತ್ತದೆ. ಹೆಬ್ಬಾವು ಮೊಟ್ಟೆ ಇಡುತ್ತದೆ, ಬೋವಾ ಕುಟುಂಬಕ್ಕೆ ಸೇರಿದ ಅನಕೊಂಡ ಇಡುವುದಿಲ್ಲ. ಆರೇಳು ತಿಂಗಳ ಗರ್ಭ. ಆ ಸಮಯದಲ್ಲಿ ಹೆಣ್ಣು ಸಾಮಾನ್ಯವಾಗಿ ಏನೂ ತಿನ್ನುವುದಿಲ್ಲ. ಬೇಟೆಯ ಜೊತೆ ಸೆಣಸಿ ಪೆಟ್ಟು ಮಾಡಿಕೊಳ್ಳುವುದಕ್ಕಿಂತ ಹಸಿದಿರುವುದೇ ಕ್ಷೇಮ. ಹೆರಿಗೆಯ ಹೊತ್ತಿಗೆ ಮೈತೂಕದ ಸುಮಾರು ಮೂರನೇ ಒಂದು ಭಾಗ ಹೋಗಿರುತ್ತದೆ. ಚೇತರಿಸಿಕೊಳ್ಳಲು ಸಮಯ ಬೇಕು, ಅದಕ್ಕೇ ಪ್ರತಿ ವರ್ಷ ಮರಿ ಹಾಕುವುದಿಲ್ಲ.

ಒಂದು ಸಲಕ್ಕೆ ಸಾಮಾನ್ಯವಾಗಿ 20ರಿಂದ 40 ಮರಿ, 80 ದಾಟಿದ್ದೂ ಇದೆ. ಮರಿ 70-80 ಸೆಂಟಿಮೀಟರ್ ಉದ್ದ, ಕಾಲು ಕಿಲೊ ತೂಕ. ತಾಯಿ ನೋಡಿಕೊಳ್ಳುವುದಿಲ್ಲ. ಹುಟ್ಟಿದ ದಿನದಿಂದಲೇ ಈಜು, ಬೇಟೆ ಎಲ್ಲ ಮರಿಯ ಪಾಡು.

ಗಂಡಿಲ್ಲದೆ ಮರಿ ಹಾಕಿತು ಎಂಬ ಸುದ್ದಿ ನಿಜವೇ?

ನಿಜ. ಬಾಸ್ಟನ್‌ನ ನ್ಯೂ ಇಂಗ್ಲೆಂಡ್ ಅಕ್ವೇರಿಯಮ್ಮಿನಲ್ಲಿ ಹೆಣ್ಣು ಅನಕೊಂಡಗಳಷ್ಟೇ ಇದ್ದವು. 2019ರ ಜನವರಿಯಲ್ಲಿ ಆನಾ ಎಂಬ ಹಾವು ಮರಿ ಹಾಕಿತು. ಹೆಚ್ಚಿನವು ಸತ್ತೇ ಹುಟ್ಟಿದವು, ಎರಡು ಬದುಕಿದವು. ಡಿಎನ್‌ಎ ಪರೀಕ್ಷೆ ಮಾಡಿದಾಗ ಅವಕ್ಕೆ ತಂದೆಯೇ ಇಲ್ಲ ಎಂದು ಖಚಿತವಾಯಿತು.

ಏನು ತಿನ್ನುತ್ತದೆ?

ಸಿಕ್ಕಿದ್ದೆಲ್ಲ ಅಂದರೂ ತಪ್ಪಿಲ್ಲ. ಚಿಕ್ಕ ಹಾವುಗಳಿಗೆ ಮುಖ್ಯವಾಗಿ ನೀರುಹಕ್ಕಿಗಳು. ದೊಡ್ಡದಾದಂತೆ ಆಮೆ, ಕೇಮನ್ ಮೊಸಳೆ, ಇಲಿಯ ಜಾತಿಯ ದೊಡ್ಡ ಪ್ರಾಣಿ ಕ್ಯಾಪಿಬಾರಾ, ಕಾಡುಹಂದಿಯಂಥ ಪೆಕ್ಕರಿ, ಒಮ್ಮೊಮ್ಮೆ ಜಿಂಕೆ. ದೊಡ್ಡ ಊಟ ಎಂದರೆ ಅಪಾಯವೂ ಹೌದು. ಕ್ಯಾಪಿಬಾರಾ ಕಚ್ಚಿದ, ಕೇಮನ್ ಹಲ್ಲು ನಾಟಿದ ಗುರುತು ಎಷ್ಟೋ ಹಾವುಗಳ ಮೈಮೇಲೆ ಇರುತ್ತದೆ. ಒಂದು ದೊಡ್ಡ ಬೇಟೆ ಅರಗಿಸಿಕೊಂಡರೆ ವಾರಗಟ್ಟಲೆ, ಕೆಲವೊಮ್ಮೆ ತಿಂಗಳುಗಟ್ಟಲೆ ಮತ್ತೆ ತಿನ್ನಬೇಕಾಗಿಲ್ಲ.

ವಿಷ ಇದೆಯೇ?

ಇಲ್ಲ. ಆದರೆ ಹಿಂದಕ್ಕೆ ಬಾಗಿದ ಚೂಪು ಹಲ್ಲುಗಳ ಸಾಲುಗಳಿವೆ. ಕಚ್ಚಿಸಿಕೊಂಡವರು ಕೈ ಎಳೆದುಕೊಂಡರೆ ಗಾಯ ಇನ್ನೂ ಹರಿಯುತ್ತದೆ.

ಮೂಳೆ ಪುಡಿ ಮಾಡಿ ಕೊಲ್ಲುತ್ತದಂತೆ?

ಮೂಳೆ ಪುಡಿ ಮಾಡುವುದು ಅದರ ವಿಧಾನವಲ್ಲ. ಉಸಿರು ಕಟ್ಟಿಸಿ ಕೊಲ್ಲುತ್ತದೆ ಎಂದು ಬಹಳ ಕಾಲ ನಂಬಿದ್ದರು. 2015ರಲ್ಲಿ ಅಮೆರಿಕದ ಡಿಕಿನ್ಸನ್ ಕಾಲೇಜಿನ ಸ್ಕಾಟ್ ಬೋಬ್ಯಾಕ್ ತಂಡ ಅನಕೊಂಡದ ನೆಂಟನಾದ ಬೋವಾ ಹಾವಿನ ಮೇಲೆ ಪ್ರಯೋಗ ಮಾಡಿತು. ಅರಿವಳಿಕೆ ಕೊಟ್ಟ ಇಲಿಗಳನ್ನು ಹಾವು ಸುತ್ತಿದ ಕೆಲವೇ ಸೆಕೆಂಡುಗಳಲ್ಲಿ ರಕ್ತದ ಓಡಾಟ ಕುಸಿಯಿತು. ಹೃದಯ ದೂಡಿದರೂ ರಕ್ತ ಮುಂದೆ ಹೋಗುವುದಿಲ್ಲ, ಮಿದುಳಿಗೆ ತಲುಪುವುದಿಲ್ಲ. ಉಸಿರು ನಿಂತು ಸಾಯುವುದಕ್ಕಿಂತ ಇದು ಬೇಗ.

ಎಷ್ಟು ಹೊತ್ತು ಹಿಸುಕಬೇಕು ಎಂಬುದೂ ಹಾವಿಗೆ ಗೊತ್ತಾಗುತ್ತದೆ. ಇದಕ್ಕೂ ಮುಂಚೆ ಅದೇ ತಂಡ ಸತ್ತ ಇಲಿಯೊಳಗೆ ಕೃತಕ ಹೃದಯ ಇಟ್ಟು ನೋಡಿತ್ತು. ಬಡಿತ ಇರುವವರೆಗೆ ಬೋವಾ ಬಿಗಿ ಬಿಡಲಿಲ್ಲ, ಬಡಿತ ನಿಲ್ಲಿಸಿದ ಮೇಲೆ ಸಡಿಲಿಸಿತು.

ನುಂಗುವಾಗ ದವಡೆ ಕಳಚಿಕೊಳ್ಳುತ್ತದೆಯೇ?

ಕಳಚುವುದಿಲ್ಲ. ಕೆಳದವಡೆಯ ಎಡ-ಬಲ ಭಾಗಗಳು ಮುಂದುಗಡೆ ನಮ್ಮ ಹಾಗೆ ಬೆಸೆದುಕೊಂಡಿಲ್ಲ. ಹಿಗ್ಗುವ ನಾರುಗಳಷ್ಟೇ ಅವನ್ನು ಹಿಡಿದಿವೆ. ಒಂದು ಬದಿ ಹಲ್ಲು ಊರಿ, ಇನ್ನೊಂದು ಬದಿ ಮುಂದೆ ಜರುಗಿಸಿ, ಹೀಗೆ ಬೇಟೆಯ ಮೇಲೆ ತಲೆಯನ್ನು ನಡೆಸಿಕೊಂಡು ಹೋಗುತ್ತದೆ. ಬಾಯಿ ತುಂಬಿದಾಗ ಉಸಿರಾಟ? ಗಾಳಿ ಕೊಳವೆಯ ಬಾಯಿಯನ್ನು ಮುಂದಕ್ಕೆ, ಬೇಟೆಯ ಅಡಿಯಿಂದ ಹೊರಗೆ ಚಾಚಿಕೊಳ್ಳುತ್ತದೆ.

ಮನುಷ್ಯರನ್ನು ತಿನ್ನುತ್ತದೆಯೇ?

ಕಾಡಿನ ಅನಕೊಂಡ ಮನುಷ್ಯನನ್ನು ನುಂಗಿದ ಖಚಿತ ದಾಖಲೆ ಇಲ್ಲ. ಹಾಗಂತ ಸಾಧ್ಯವೇ ಇಲ್ಲ ಅನ್ನುವಂತಿಲ್ಲ. ರಿವಾಸ್ ಅವರ ಸಹಾಯಕರ ಮೇಲೆ ದೊಡ್ಡ ಹೆಣ್ಣು ಹಾವುಗಳು ಬೇಟೆಯ ಉದ್ದೇಶದಿಂದಲೇ ಎರಗಿದ ಎರಡು ಘಟನೆಗಳನ್ನು ಅವರೇ ಬರೆದಿದ್ದಾರೆ. ಇಬ್ಬರಿಗೂ ಜೀವಹಾನಿ ಆಗಲಿಲ್ಲ. ಮನುಷ್ಯರನ್ನು ನುಂಗಿದ್ದು ಸಾಬೀತಾಗಿರುವುದು ಜಾಲರಿ ಹೆಬ್ಬಾವಿನ ವಿಷಯದಲ್ಲಿ, ಇಂಡೊನೇಷ್ಯಾದಲ್ಲಿ. ಅಲ್ಲಿ ಹೆಬ್ಬಾವೂ ಜನರೂ ಒಂದೇ ತೋಟದಲ್ಲಿ ಓಡಾಡುತ್ತಾರೆ. ಅನಕೊಂಡದ ಕೆಸರಿಗೆ ಇಳಿಯುವ ಜನ ಕಡಿಮೆ.

ಸಿನಿಮಾಗಳಲ್ಲಿ ತೋರಿಸುವಂತೆ ಅಟ್ಟಿಸಿಕೊಂಡು ಬರುವುದಂತೂ ಸುಳ್ಳು. ಮನುಷ್ಯ ಕಂಡರೆ ಮೊದಲು ನೀರಿಗೆ ಜಾರುತ್ತದೆ. ಹಿಡಿದರೆ ಮುದ್ದೆಯಾಗಿ ಸುತ್ತಿಕೊಂಡು ಕೆಟ್ಟ ವಾಸನೆಯ ದ್ರವ ಬಿಡುತ್ತದೆ.

ಅದಕ್ಕೆ ಶತ್ರುಗಳೇ ಇಲ್ಲವೇ?

ಮರಿಗಳಿಗೆ ಎಲ್ಲರೂ ಶತ್ರುಗಳೇ: ಹಕ್ಕಿ, ನರಿ, ಹಲ್ಲಿ ಜಾತಿಯ ಟೆಗು, ಕೇಮನ್. ದೊಡ್ಡದಾದ ಮೇಲೆ ಜಾಗ್ವಾರ್, ದೊಡ್ಡ ಕೇಮನ್, ತನಗಿಂತ ದೊಡ್ಡ ಅನಕೊಂಡ. ಜೊತೆಗೆ ಮನುಷ್ಯ.

ಎಷ್ಟು ವರ್ಷ ಬದುಕುತ್ತದೆ?

ಕಾಡಿನಲ್ಲಿ ಸುಮಾರು 10 ವರ್ಷ ಎಂದು ಹೇಳುತ್ತಾರೆ. ಸಾಕಿದ ಕಡೆ 30 ದಾಟಿದ್ದೂ ಇದೆ.

ಹಿಂದಿನ ಕಾಲದಲ್ಲಿ ಇನ್ನೂ ದೊಡ್ಡ ಅನಕೊಂಡ ಇತ್ತೇ?

ಇನ್ನೂ ದೊಡ್ಡ ಹಾವು ಇತ್ತು, ಅನಕೊಂಡವಲ್ಲ. ಕೊಲಂಬಿಯಾದ ಸೆರೆಹೋನ್ ಕಲ್ಲಿದ್ದಲು ಗಣಿಯಲ್ಲಿ ಸಿಕ್ಕ ಟೈಟನೊಬೋವಾ ಸುಮಾರು 6 ಕೋಟಿ ವರ್ಷ ಹಿಂದಿನದು. 2009ರಲ್ಲಿ ವಿವರಿಸಿದಾಗ ಉದ್ದ 13 ಮೀಟರಿನ ಹತ್ತಿರ, ತೂಕ ಒಂದು ಟನ್ನಿಗೂ ಜಾಸ್ತಿ ಎಂದು ಅಂದಾಜು ಮಾಡಿದರು. ಕಚ್ಛ್‌ನ ಗಣಿಯಲ್ಲಿ ಸಿಕ್ಕಿ 2024ರಲ್ಲಿ ಹೆಸರು ಪಡೆದ ವಾಸುಕಿ ಇಂಡಿಕಸ್ 11ರಿಂದ 15 ಮೀಟರ್ ಇದ್ದಿರಬಹುದು ಎನ್ನುತ್ತಾರೆ, ಅದು ಬೇರೆಯೇ ಕುಟುಂಬದ್ದು. ಹಾವು ತಾನಾಗಿ ಮೈ ಬಿಸಿ ಮಾಡಿಕೊಳ್ಳುವುದಿಲ್ಲ, ಸುತ್ತಲಿನ ಬಿಸಿಯೇ ಅದಕ್ಕೆ ಆಧಾರ. ಆ ಕಾಲದ ಭೂಮಿ ಈಗಿಗಿಂತ ಬಿಸಿಯಾಗಿತ್ತು, ಅಷ್ಟು ದೊಡ್ಡ ಹಾವಿಗೆ ಅದು ಅನುಕೂಲವಾಯಿತು ಎಂಬುದು ವಿವರಣೆ.

ಅನಕೊಂಡದ್ದೇ ಪಳೆಯುಳಿಕೆಗಳೂ ಇವೆ. ವೆನೆಜುವೆಲಾದಲ್ಲಿ ಸಿಕ್ಕ 183 ಬೆನ್ನುಮೂಳೆ ಮಣಿಗಳನ್ನು ಕೇಂಬ್ರಿಜ್‌ನ ಸಂಶೋಧಕರ ತಂಡ ಅಳೆದು 2025ರಲ್ಲಿ ಪ್ರಕಟಿಸಿತು. 1.2 ಕೋಟಿ ವರ್ಷ ಹಿಂದೆಯೂ ಅನಕೊಂಡ 4-5 ಮೀಟರೇ ಇತ್ತು! ಅದರ ಜೊತೆಗಿದ್ದ ದೈತ್ಯ ಕೇಮನ್, ದೈತ್ಯ ಆಮೆ ಅಳಿದುಹೋದವು. ಅನಕೊಂಡ ಅದೇ ಗಾತ್ರದಲ್ಲಿ ಉಳಿದುಕೊಂಡಿತು.

ಅಳಿವಿನ ಅಂಚಿನಲ್ಲಿದೆಯೇ? ಸಾಕಬಹುದೇ?

ಹಸಿರು ಅನಕೊಂಡ ಸದ್ಯಕ್ಕೆ ಆತಂಕವಿಲ್ಲದ ಪಟ್ಟಿಯಲ್ಲಿದೆ. ಆದರೆ ಜೌಗು ಒಣಗಿಸುವುದು, ಹೆದರಿ ಕೊಲ್ಲುವುದು, ಚರ್ಮಕ್ಕಾಗಿ ಮತ್ತು ಮದ್ದೆಂದು ಕೊಬ್ಬಿಗಾಗಿ ಹಿಡಿಯುವುದು ನಡೆದೇ ಇದೆ. ದೇಶ ದೇಶಗಳ ನಡುವಿನ ವ್ಯಾಪಾರಕ್ಕೆ ಸೈಟ್ಸ್ ಒಪ್ಪಂದದ ಎರಡನೇ ಪಟ್ಟಿಯ ನಿಯಂತ್ರಣವಿದೆ.

ಸಾಕುವುದು ಸುಮ್ನೆ ತೊಂದರೆ. ಕಾಲು ಕಿಲೊ ಮರಿ ಕೆಲವೇ ವರ್ಷಗಳಲ್ಲಿ ಇಬ್ಬರು ಎತ್ತಬೇಕಾದ ಹಾವಾಗುತ್ತದೆ. ಆಮೇಲೆ ಮಾಲೀಕರು ಎಲ್ಲಾದರೂ ಬಿಟ್ಟುಬರುತ್ತಾರೆ. ಫ್ಲಾರಿಡಾದ ಜೌಗಿನಲ್ಲಿ ಅಲ್ಲೊಂದು ಇಲ್ಲೊಂದು ಅನಕೊಂಡ ಸಿಕ್ಕಿದ್ದು ಹೀಗೆಯೇ. ಅಮೆರಿಕ 2012ರಲ್ಲಿ ಹಳದಿ ಅನಕೊಂಡವನ್ನೂ 2015ರಲ್ಲಿ ಉಳಿದ ಮೂರನ್ನೂ ಹಾನಿಕರ ಜಾತಿ ಎಂದು ಪಟ್ಟಿ ಮಾಡಿ ಆಮದು ನಿಲ್ಲಿಸಿತು.

ಅರ್ಜೆಂಟೀನಾದ ಫಾರ್ಮೋಸಾ ಪ್ರಾಂತ್ಯದ ದಾರಿ ಬೇರೆ. ಅಲ್ಲಿ ಹಳದಿ ಅನಕೊಂಡವನ್ನು ಚರ್ಮಕ್ಕಾಗಿ ಹಿಡಿಯಲು ಪರವಾನಗಿ ಕೊಡುತ್ತಾರೆ. ಬೇಟೆಗೆ ಇಂತಿಷ್ಟೇ ತಿಂಗಳು, ಹಾವಿಗೆ ಇಂತಿಷ್ಟು ಕನಿಷ್ಠ ಉದ್ದ. ಉದ್ದದ ಹಾವುಗಳಲ್ಲಿ ಹೆಣ್ಣೇ ಜಾಸ್ತಿ ಇರುವುದರಿಂದ ಬಲೆಗೆ ಬೀಳುವುದೂ ಅವೇ. ಸಾಯುವ ಮುಂಚೆ ಒಂದು ಸಲವಾದರೂ ಮರಿ ಹಾಕಿರಲಿ ಎಂದು ಆ ಕನಿಷ್ಠ ಅಳತೆ ಇಟ್ಟಿದ್ದಾರೆ.